ಪೀಟರ್ ಲೋರೆ: ‘ಎಂ’ ಬಿಟ್ಟರೆ ಬೇರೇನು ನೋಡಬೇಕು? ಯಾವ ಪ್ರಿಂಟ್‌ನಲ್ಲಿ?

ರೀಲುಡಬ್ಬ

ಹಳೆಯ ಹಾಲಿವುಡ್ ಮಾತು ಬಂದಾಗಲೆಲ್ಲ ಚರ್ಚೆ ಬೋಗಾರ್ಟ್, ಬರ್ಗ್‌ಮನ್ ಸುತ್ತಲೇ ಗಿರಕಿ ಹೊಡೆಯುತ್ತದೆ. ಅವರ ಪಕ್ಕದಲ್ಲಿ ನಿಂತವರಿಗೂ ಒಂದು ಎಳೆ ಇರಲಿ. ನಟ ಪೀಟರ್ ಲೋರೆಯಿಂದ ಶುರು ಮಾಡೋಣ.

ಗೊತ್ತಿಲ್ಲದವರಿಗೆ ನಾಲ್ಕು ಸಾಲು: ಮೂಲ ಹೆಸರು ಲಾಸ್ಲೋ ಲೋವೆನ್‌ಸ್ಟೈನ್. ಹುಟ್ಟಿದ್ದು 1904ರ ಜೂನ್ 26ರಂದು, ಆಗ ಹಂಗೇರಿಗೆ ಸೇರಿದ್ದ, ಈಗ ಸ್ಲೊವಾಕಿಯಾದಲ್ಲಿರುವ ರುಜೊಂಬೆರೋಕ್ ಊರಿನಲ್ಲಿ. ಯಹೂದಿ ಕುಟುಂಬ, ಮನೆಮಾತು ಜರ್ಮನ್, ಬೆಳೆದದ್ದು ವಿಯೆನ್ನಾದಲ್ಲಿ. 1931ರಲ್ಲಿ ಬರ್ಲಿನ್‌ನಲ್ಲಿ ಫ್ರಿಟ್ಜ್ ಲಾಂಗ್ ನಿರ್ದೇಶನದ ‘ಎಂ’, ಅದರಲ್ಲಿ ಮಕ್ಕಳನ್ನು ಕೊಲ್ಲುವವನ ಪಾತ್ರ. 1933ರಲ್ಲಿ ನಾಜಿಗಳ ಕೈಗೆ ಅಧಿಕಾರ ಹೋದ ಮೇಲೆ ವಿಯೆನ್ನಾ, ಪ್ಯಾರಿಸ್, ಲಂಡನ್, 1934ರಲ್ಲಿ ಅಮೆರಿಕ. 1941ರಲ್ಲಿ ಅಲ್ಲಿನ ಪೌರತ್ವ ಸಿಕ್ಕಿತು. 1964ರ ಮಾರ್ಚ್ 23ರಂದು ಲಾಸ್ ಏಂಜಲೀಸ್‌ನಲ್ಲಿ ತೀರಿಕೊಂಡಾಗ ವಯಸ್ಸು 59.

ಪ್ರಶ್ನೆ ಎರಡು. ‘ಎಂ’ ಆದ ಮೇಲೆ ಈತನದು ಬರೀ ಇಳಿಜಾರು ಅನ್ನುವ ಮಾತು ಸರಿಯೇ? ಹೊಸಬರು ಯಾವುದರಿಂದ ಶುರು ಮಾಡಬೇಕು?

ಹಳೆಪ್ರಿಂಟ್

ಎರಡನೆಯದಕ್ಕೆ ಮೊದಲು ಉತ್ತರ ಕೊಡುತ್ತೇನೆ. ಕೆಟ್ಟ ಪ್ರತಿ ನೋಡಿದವರೇ ಮೊದಲನೆಯ ಪ್ರಶ್ನೆ ಕೇಳುವುದು ಜಾಸ್ತಿ.

‘ಎಂ’ ಚಿತ್ರದ ಚೌಕಟ್ಟು 1.19:1, ಹೆಚ್ಚುಕಡಿಮೆ ಚೌಕ. ಮೂಕಿ ಕಾಲದಲ್ಲಿ 35 ಮಿ.ಮೀ. ಫಿಲ್ಮಿನ ಪೂರ್ತಿ ಅಗಲ ಚಿತ್ರಕ್ಕೇ ಸಿಗುತ್ತಿತ್ತು. ಧ್ವನಿಪಟ್ಟಿ ಬಂದು ಒಂದು ಅಂಚು ಹಿಡಿದುಕೊಂಡಾಗ ಅಗಲ ಕಡಿಮೆಯಾಯಿತು, ಎತ್ತರ ಹಾಗೇ ಉಳಿಯಿತು. ಆಮೇಲೆ ರೂಢಿಗೆ ಬಂದ 1.37:1 ಅಳತೆಗೆ ಒಗ್ಗಿಸಿದ ಪ್ರತಿಗಳಲ್ಲಿ ಮೇಲೆ ಕೆಳಗೆ ಕತ್ತರಿ ಬಿದ್ದಿದೆ. ನಿಂತವರ ನೆತ್ತಿ ಕಾಣುತ್ತಿಲ್ಲ ಎಂದರೆ ಆ ಪ್ರತಿ ಬಿಟ್ಟುಬಿಡಿ. ಮೊದಲು 117 ನಿಮಿಷ ಇದ್ದದ್ದು, ಈಗ ಸಿಗುವ ದುರಸ್ತಿಯಾದ ಪ್ರತಿ ಸುಮಾರು 110 ನಿಮಿಷ. ಅದಕ್ಕಿಂತ ತೀರಾ ಕಡಿಮೆ ಇದ್ದರೆ ಯಾರೋ ಕತ್ತರಿಸಿದ್ದಾರೆ ಎಂದರ್ಥ. ಕೆಲವು ದೃಶ್ಯಗಳಲ್ಲಿ ಸದ್ದೇ ಇಲ್ಲ. ನಿಮ್ಮ ಸ್ಪೀಕರ್ ಕೆಟ್ಟಿಲ್ಲ, ಲಾಂಗ್ ಬೇಕೆಂದೇ ಹಾಗೆ ಬಿಟ್ಟದ್ದು. ಮರುಬಿಡುಗಡೆಯ ಕೆಲವು ಪ್ರತಿಗಳಲ್ಲಿ ಆ ಖಾಲಿ ಜಾಗಕ್ಕೆ ಸದ್ದು ತುಂಬಿಸಿ ಕೆಡಿಸಿಟ್ಟಿದ್ದಾರೆ.

ಇನ್ನು ಪಾಲ್ (PAL ಎಂಬ ಟಿವಿ ಪದ್ಧತಿಯ) ಡಿವಿಡಿಗಳ ಕಾಟ. ನಮ್ಮಲ್ಲಿ ಮತ್ತು ಯುರೋಪಿನಲ್ಲಿ ಬಂದ ಡಿಸ್ಕ್‌ಗಳಲ್ಲಿ ಸೆಕೆಂಡಿಗೆ 24 ಚೌಕಟ್ಟಿನ ಚಿತ್ರವನ್ನು 25ರಲ್ಲಿ ಓಡಿಸುತ್ತಾರೆ. 102 ನಿಮಿಷದ ‘ಕಾಸಾಬ್ಲಾಂಕಾ’ 98 ನಿಮಿಷಕ್ಕೆ ಮುಗಿದುಹೋಗುತ್ತದೆ. ಸ್ಥಾಯಿ ಸರಿಪಡಿಸದೆ ಬಿಟ್ಟಿದ್ದರೆ ಧ್ವನಿ ನೂರಕ್ಕೆ ನಾಲ್ಕರಷ್ಟು ಏರುತ್ತದೆ. ಬೇರೆ ನಟರ ಮಟ್ಟಿಗೆ ಇದು ನಡೆದುಹೋಗುತ್ತದೆ. ಲೋರೆಯ ಕಸುಬೆಲ್ಲ ನಿಧಾನದಲ್ಲಿ, ತಗ್ಗಿನ ದನಿಯಲ್ಲಿ ಇರುವಾಗ ಅವನನ್ನೇ ಅರ್ಧ ಕಳೆದುಕೊಂಡ ಹಾಗೆ. ಬ್ಲೂರೇ ಅಥವಾ ಸ್ಟ್ರೀಮಿಂಗ್‌ನಲ್ಲಿ ಅವಧಿ ಸರಿಯಿದೆಯೇ ನೋಡಿಕೊಂಡು ಕೂತುಕೊಳ್ಳಿ.

ನೆರಳುಬೆಳಕು

ಪ್ರಿಂಟ್ ಸರಿ ಸಿಕ್ಕಿತು ಅಂದುಕೊಳ್ಳೋಣ. ‘ಎಂ’ನಲ್ಲಿ ಲೋರೆ ಮೊದಲು ಬರುವುದೇ ನೆರಳಾಗಿ. ಕೊಲೆಗಾರನಿಗೆ ಬಹುಮಾನ ಘೋಷಿಸಿದ ಭಿತ್ತಿಪತ್ರಕ್ಕೆ ಪುಟ್ಟ ಹುಡುಗಿ ಚೆಂಡು ಹೊಡೆಯುತ್ತಿರುತ್ತಾಳೆ, ಅದರ ಮೇಲೆ ಟೋಪಿ ಹಾಕಿದ ನೆರಳು ಬಿದ್ದು, ಚೆಂಡು ಚೆನ್ನಾಗಿದೆ ಅನ್ನುತ್ತದೆ, ಹೆಸರು ಕೇಳುತ್ತದೆ. ಮುಖಕ್ಕಿಂತ ಮೊದಲು ದನಿ. ಗ್ರೀಗ್ ಸಂಗೀತದ ಶಿಳ್ಳೆಯಿಂದ ಕುರುಡ ಭಿಕ್ಷುಕ ಅವನನ್ನು ಪತ್ತೆಹಚ್ಚುತ್ತಾನಲ್ಲ, ಆ ಶಿಳ್ಳೆ ಲೋರೆಯದಲ್ಲ. ಅವನಿಗೆ ಶಿಳ್ಳೆ ಹೊಡೆಯಲು ಬರುತ್ತಿರಲಿಲ್ಲ, ಲಾಂಗ್ ತಾನೇ ಹೊಡೆದದ್ದು.

ಕೊನೆಗೆ ಕಳ್ಳಕಾಕರೆಲ್ಲ ಸೇರಿ ನೆಲಮಾಳಿಗೆಯಲ್ಲಿ ಅವನ ವಿಚಾರಣೆ ನಡೆಸುವ ಭಾಗವನ್ನು ಎರಡು ಸಲ ನೋಡಿ, ಒಮ್ಮೆ ಸದ್ದಿಲ್ಲದೆ. ಮೊದಲು ಮೊಂಡಾಟ, ಆಮೇಲೆ ಬಾಗಿಲ ಕಡೆ ಓಟ, ಆಮೇಲೆ ಮಂಡಿಯೂರಿ ಕೂತು ತನ್ನೊಳಗಿನ ಒತ್ತಡವನ್ನು ಬಾಯಿಬಿಡುವುದು. ಪ್ರತಿ ಹಂತಕ್ಕೂ ಕೈಯ ಕೆಲಸ ಬೇರೆ. ನೆನಪು ಬಂದಾಗ ಬೆರಳುಗಳು ತಾವಾಗಿ ಕತ್ತು ಹಿಸುಕುವ ಆಕಾರಕ್ಕೆ ಬಾಗುತ್ತವೆ, ಕಣ್ಣು ಎಲ್ಲೋ ಇರುತ್ತದೆ. ಇದು ಏಕಾಏಕಿ ಬಂದದ್ದಲ್ಲ. ವಿಯೆನ್ನಾದಲ್ಲಿ ಯಾಕೋಬ್ ಮೊರೆನೋ ನಡೆಸುತ್ತಿದ್ದ ಆಶುನಾಟಕದ ತಂಡದಲ್ಲಿ ಪಳಗಿದ್ದ, ಬರ್ಲಿನ್‌ನಲ್ಲಿ ಬ್ರೆಕ್ಟ್ ಜೊತೆ ಕೆಲಸ ಮಾಡುತ್ತಿದ್ದ. 1931ರಲ್ಲೇ ಬ್ರೆಕ್ಟ್ ನಾಟಕವೊಂದರಲ್ಲಿ ಗಾಲಿ ಗೇ ಪಾತ್ರ ಮಾಡಿದಾಗ ವಿಮರ್ಶಕರು ತುಂಡುತುಂಡಾದ ಅಭಿನಯ ಎಂದು ಬೈದರು. ಅದೇ ಬೇಕಾಗಿದ್ದದ್ದು ಎಂದು ಬ್ರೆಕ್ಟ್ ಪತ್ರಿಕೆಗೆ ಬರೆದು ಸಮರ್ಥಿಸಿದ. ಆ ತುಂಡುಗಳನ್ನೇ ಲೋರೆ ಹಾಲಿವುಡ್‌ಗೆ ಹೊತ್ತೊಯ್ದ ಅನ್ನುವುದು ನನ್ನ ವಾದ. ಅಲ್ಲಿ ಅವನಿಗೆ ಸಿಕ್ಕ ಅವಕಾಶವೂ ತುಂಡೇ ಆದ್ದರಿಂದ ಹೊಂದಿಕೊಂಡಿತು. ಇಳಿಜಾರು ಅನ್ನುವುದನ್ನು ನಾನು ಒಪ್ಪುವುದಿಲ್ಲ.

ಧಾರವಾಡ ಮ್ಯಾಟಿನಿ

ಲಂಡನ್ನಿನ ಹಂತ ಯಾರೂ ಹೇಳವಲ್ರಿ, ಅದ ಭಾಳ ಮುಖ್ಯ ಐತಿ. 1934ರಾಗ ಹಿಚ್‌ಕಾಕ್ ‘ದಿ ಮ್ಯಾನ್ ಹೂ ನ್ಯೂ ಟೂ ಮಚ್’ ತಗೀಲಿಕ್ಕೆ ಹತ್ತಿದಾಗ ಲೋರೆಗೆ ಇಂಗ್ಲಿಷ್ ಬರ್ತಿದ್ದಿಲ್ಲ ಅಂದ್ರ ನಡೀತದ. ಭೇಟಿ ಆದಾಗ ಹಿಚ್‌ಕಾಕ್ ಹೇಳಿದ್ದಕ್ಕೆಲ್ಲ ಸರಿಯಾದ ಹೊತ್ತಿಗೆ ನಕ್ಕೋಂತ ಕುಂತು ಪಾತ್ರ ಗಿಟ್ಟಿಸಿದ ಅಂತ ಹೇಳ್ತಾರ. ಮಾತನ್ನೆಲ್ಲ ಉಚ್ಚಾರ ಕೇಳಿ ಬಾಯಿಪಾಠ ಮಾಡಿದ.

ಹಿಂಗ ಕಲಿತ್ರ ಒಂದು ತೊಂದರೆ ಆಗ್ತದ ನೋಡ್ರಿ. ಅರ್ಥ ಗೊತ್ತಿಲ್ಲದ ನಟ ವಾಕ್ಯದ ಎಲ್ಲಾ ಶಬ್ದಕ್ಕೂ ಒಂದ ತೂಕ ಕೊಡ್ತಾನ, ಗಿಣಿಪಾಠ ಆಗಿಬಿಡ್ತದ. ಲೋರೆ ಏನ್ ಮಾಡ್ಯಾನಂದ್ರ ಮಾತಿನ ನಡುವ ಜಾಗಾ ಬಿಟ್ಟಾನ. ಸಿಗರೇಟ್ ಸೇದೋದು, ನಗೋದು, ಎದುರಿನವರ ಮುಖ ದಿಟ್ಟಿಸೋದು, ಆಮ್ಯಾಲ ಮುಂದಿನ ತುಣುಕು. ಹಣೀ ಮ್ಯಾಲಿಂದ ಇಳಿದ ಗಾಯದ ಗೆರಿ, ಕೂದಲದಾಗ ಒಂದು ಬಿಳಿ ಪಟ್ಟಿ, ಇಷ್ಟ ವೇಷ. ಆದ್ರ ಖಳನಾಯಕ ಅಬಟ್ ಭಾಳ ಸಭ್ಯಸ್ಥ ಮನಷ್ಯಾ ಕಂಡಂಗ ಕಾಣ್ತಾನ. ನಮ್ಮ ವಜ್ರಮುನಿ ಗುಡುಗಿ ಹೆದರಿಸಿದ್ರ, ಇಂವ ಮೆತ್ತಗ ಮಾತಾಡಿ ಹೆದರಸ್ತಾನ.

ಚಿತ್ರ 75 ನಿಮಿಷ. ಇದರದೂ ಹಾಳು ಪ್ರಿಂಟ್ ಭಾಳ ಓಡ್ಯಾಡ್ತಾವು. ಸದ್ದಿನಾಗ ಬರೀ ಗೊರಗೊರ ಅಂತಿದ್ರ ಬಿಟ್ಟುಬಿಡ್ರಿ. 1956ರಾಗ ಹಿಚ್‌ಕಾಕ್ ತಾನ ಮತ್ತೊಮ್ಮೆ ತಗದ ಬಣ್ಣದ ಚಿತ್ರದಾಗ ಲೋರೆ ಇಲ್ಲ, ಅದನ್ನ ಹಾಕ್ಕೊಂಡು ಕಾಯಬ್ಯಾಡ್ರಿ.

ಹಳೆಪ್ರಿಂಟ್

@ಧಾರವಾಡ ಮ್ಯಾಟಿನಿ, ಒಂದು ಸೇರಿಸುತ್ತೇನೆ. ‘ಎಂ’ಗೇ ಒಂದು ಇಂಗ್ಲಿಷ್ ಆವೃತ್ತಿ ಇದೆ, ಅದರಲ್ಲಿ ಕೊನೆಯ ಭಾಷಣವನ್ನು ಲೋರೆ ತನ್ನ ಬಾಯಿಯಲ್ಲೇ ಇಂಗ್ಲಿಷಿನಲ್ಲಿ ಹೇಳುತ್ತಾನೆ. ಕೆಲವು ಡಿಸ್ಕ್‌ಗಳಲ್ಲಿ ಹೆಚ್ಚುವರಿಯಾಗಿ ಸಿಗುತ್ತದೆ. ಜರ್ಮನ್‌ನಲ್ಲಿ ಒಂದೇ ಉಸಿರಿಗೆ ಬರುವ ಮಾತು ಇಂಗ್ಲಿಷಿನಲ್ಲಿ ಹೇಗೆ ತಡವರಿಸುತ್ತದೆ ಎಂದು ಪಕ್ಕಪಕ್ಕ ಇಟ್ಟು ಕೇಳಬಹುದು.

ಇನ್ನೊಂದು ಕಹಿ ಸಂಗತಿ. 1940ರಲ್ಲಿ ನಾಜಿಗಳು ತೆಗೆದ ಯಹೂದಿ ದ್ವೇಷದ ಪ್ರಚಾರಚಿತ್ರದಲ್ಲಿ ‘ಎಂ’ನ ಇದೇ ಭಾಷಣದ ತುಣುಕು ಹಾಕಿಕೊಂಡರು, ಪಾತ್ರದ ಮಾತನ್ನು ನಟನ ಜನಾಂಗದ ಮೇಲೆ ಹೊರಿಸಲಿಕ್ಕೆ. ಆ ಹೊತ್ತಿಗೆ ಅವನು ಅಮೆರಿಕ ಸೇರಿ ಆರು ವರ್ಷವಾಗಿತ್ತು.

ಕುಡ್ಲ ಟಾಕೀಸ್

ಎಲ್ಲರೂ ಹೊಗಳುವವರೇ ಆದರೆ ಹೇಗೆ ಮಾರಾಯ್ರೇ? ಮಿಸ್ಟರ್ ಮೋಟೋ ಬಗ್ಗೆ ಯಾರಾದ್ರೂ ಮಾತಾಡ್ಬೇಕಲ್ಲ. 1937ರಿಂದ 1939ರ ಒಳಗೆ ಟ್ವೆಂಟಿಯತ್ ಸೆಂಚುರಿ ಫಾಕ್ಸ್‌ನಲ್ಲಿ ಎಂಟು ಚಿತ್ರ, ಎಂಟರಲ್ಲೂ ಜಪಾನಿ ಪತ್ತೇದಾರ. ಕೂದಲು ಅಂಟಿಸಿ ಬಾಚಿ, ದುಂಡು ಕನ್ನಡಕ ಹಾಕಿದರೆ ಆಯ್ತು, ಯುರೋಪಿನವ ಜಪಾನಿ. ಅದೇ ಫಾಕ್ಸ್‌ನಲ್ಲಿ ಚೀನೀ ಪತ್ತೇದಾರ ಚಾರ್ಲಿ ಚಾನ್ ಮಾಡಿದ್ದು ಸ್ವೀಡನ್ನಿನಿಂದ ಬಂದ ವಾರ್ನರ್ ಓಲಂಡ್. ನಿಜವಾದ ಏಷ್ಯಾದ ನಟರಿಗೆ ಮಗನ ಪಾತ್ರ, ಆಳಿನ ಪಾತ್ರ. ಇದನ್ನು ಇಳಿಜಾರು ಅಂತ ಹೇಳದೆ ಮತ್ತೆಂತ ಹೇಳುವುದು?

ಜೂಡೋ ಹೊಡೆದಾಟ ನೋಡಿ ಮೋಸ ಹೋಗಬೇಡಿ, ಹಾರಿ ಬೀಳುವುದೆಲ್ಲ ಸ್ಟಂಟ್ ಮಾಡುವ ಹಾರ್ವಿ ಪ್ಯಾರಿ. ಕ್ಯಾಮೆರಾಕ್ಕೆ ಬೆನ್ನು ತಿರುಗಿದ ಕೂಡಲೇ ಆಳು ಬದಲಾಗಿದ್ದು ಗೊತ್ತಾಗ್ತದೆ, ಹೆಗಲು ನೋಡಿದರೆ ಸಾಕು.

ಹಳೆಪ್ರಿಂಟ್

ವೇಷದ ಬಗ್ಗೆ ನೀವು ಹೇಳಿದ್ದು ಸರಿ, ಅದಕ್ಕೆ ಸಮರ್ಥನೆ ಇಲ್ಲ. ಆದರೆ ಯಾಕೆ ಎಂಟಾಯಿತು ಅನ್ನುವುದಕ್ಕೆ ಆ ಕಾಲದ ಸ್ಟುಡಿಯೋ ಲೆಕ್ಕ ಗೊತ್ತಿರಬೇಕು.

ಒಪ್ಪಂದ ಮಾಮೂಲಾಗಿ ಏಳು ವರ್ಷದ್ದು. ಏಳು ವರ್ಷ ಬಂಧಿಯಾಗುವುದು ನಟ ಮಾತ್ರ. ಆರು ತಿಂಗಳಿಗೋ ವರ್ಷಕ್ಕೋ ಒಮ್ಮೆ ಮುಂದುವರಿಸುವ ಇಲ್ಲವೇ ಕೈಬಿಡುವ ಹಕ್ಕು ಸ್ಟುಡಿಯೋದ್ದು. ವರ್ಷದ 52 ವಾರಗಳಲ್ಲಿ ಸಾಮಾನ್ಯವಾಗಿ 40 ವಾರಕ್ಕೆ ಸಂಬಳ, ಉಳಿದ 12 ವಾರ ಕೈ ಖಾಲಿ. ಪಾತ್ರ ಬೇಡ ಅಂದರೆ ಅಮಾನತು, ಅಮಾನತಿನ ದಿನಗಳು ಒಪ್ಪಂದದ ಬಾಲಕ್ಕೆ ಸೇರುತ್ತಿದ್ದವು. ನಟಿ ಒಲಿವಿಯಾ ಡಿ ಹ್ಯಾವಿಲೆಂಡ್ ವಾರ್ನರ್ ಸ್ಟುಡಿಯೋ ಮೇಲೆ ಮೊಕದ್ದಮೆ ಹೂಡಿ ಗೆದ್ದ ಮೇಲೆಯೇ, ಅಂದರೆ 1944ರ ನಂತರವೇ, ಏಳು ವರ್ಷ ಅಂದರೆ ಕ್ಯಾಲೆಂಡರಿನ ಏಳು ವರ್ಷ ಎಂದಾದದ್ದು. ಬೇರೆ ಸ್ಟುಡಿಯೋಗೆ ಎರವಲು ಕೊಟ್ಟರೆ ಹೆಚ್ಚುವರಿ ಹಣ ಮಾಲೀಕರಿಗೆ, ನಟನಿಗೆ ತನ್ನ ಮಾಮೂಲಿ ಸಂಬಳ. ಲೋರೆ ಅಮೆರಿಕಕ್ಕೆ ಬಂದದ್ದು ಕೊಲಂಬಿಯಾ ಸ್ಟುಡಿಯೋದ ಒಪ್ಪಂದದ ಮೇಲೆ, ಆದರೆ ಮೊದಲ ಚಿತ್ರ ‘ಮ್ಯಾಡ್ ಲವ್’ (1935) ಎಂಜಿಎಂಗೆ ಎರವಲು ಹೋಗಿ ಮಾಡಿದ್ದು. ತಲೆ ನುಣ್ಣಗೆ ಬೋಳಿಸಿಕೊಂಡು ಡಾಕ್ಟರ್ ಗೋಗೋಲ್ ಆದ. 68 ನಿಮಿಷದ ಆ ಚಿತ್ರದ ನಿರ್ದೇಶಕ ಕಾರ್ಲ್ ಫ್ರಾಯಿಂಡ್, ಅವನೂ ಬರ್ಲಿನ್ ಕಡೆಯಿಂದ ಬಂದ ಛಾಯಾಗ್ರಾಹಕ.

ಸರಣಿ ಹೇಗೆ ಕಾರ್ಖಾನೆಯ ಮಾಲು ಅನ್ನುವುದಕ್ಕೆ ‘ಮಿಸ್ಟರ್ ಮೋಟೋಸ್ ಗ್ಯಾಂಬಲ್’ (1938) ನೋಡಿ. ಅದು ಚಾರ್ಲಿ ಚಾನ್ ಚಿತ್ರವಾಗಿ ಶುರುವಾದದ್ದು. ಓಲಂಡ್ ಅರ್ಧಕ್ಕೇ ಬಿಟ್ಟುಹೋದ, ಸ್ಟುಡಿಯೋ ಕಥೆ ತಿದ್ದಿ ಮೋಟೋನನ್ನು ತುರುಕಿತು. ಚಾನ್‌ನ ಮಗನಾಗಿ ಕೀ ಲ್ಯೂಕ್ ಮಾತ್ರ ಅಲ್ಲೇ ಉಳಿದ! ಸರಣಿಯಲ್ಲಿ ಒಂದನ್ನೇ ನೋಡುವುದಾದರೆ ಎರಡನೆಯದು, ‘ಥ್ಯಾಂಕ್ ಯೂ, ಮಿಸ್ಟರ್ ಮೋಟೋ’. ‘ಮಿಸ್ಟರ್ ಮೋಟೋಸ್ ಲಾಸ್ಟ್ ವಾರ್ನಿಂಗ್’ ಮಾತ್ರ ಎಲ್ಲೆಂದರಲ್ಲಿ ಪುಕ್ಕಟೆ ಸಿಗುತ್ತದೆ, ಅಮೆರಿಕದಲ್ಲಿ ಅದರ ಹಕ್ಕುಸ್ವಾಮ್ಯ ಮುಗಿದಿದೆ. ಅದೇ ಕಾರಣಕ್ಕೆ ಪ್ರತಿಯ ಪ್ರತಿಯ ಪ್ರತಿ ಹರಿದಾಡುತ್ತದೆ, ಮಬ್ಬು ಚಿತ್ರ, ಕಿವುಡು ಸದ್ದು.

ನೆರಳುಬೆಳಕು

ವಲಸೆ ಎಂಬ ವಿಷಯಕ್ಕೇ ನೇರ ಬರುವ ಚಿತ್ರ ಒಂದಿದೆ, ಯಾರೂ ಹೆಸರೆತ್ತಲಿಲ್ಲ: ‘ದಿ ಫೇಸ್ ಬಿಹೈಂಡ್ ದಿ ಮಾಸ್ಕ್’, 1941, ಕೊಲಂಬಿಯಾ, ನಿರ್ದೇಶನ ರಾಬರ್ಟ್ ಫ್ಲೋರಿ, 69 ನಿಮಿಷ. ಸಣ್ಣ ಬಂಡವಾಳದ ಎರಡನೇ ದರ್ಜೆಯ ಚಿತ್ರವೆಂದೇ ತೆಗೆದದ್ದು. ಲೋರೆ ಇಲ್ಲಿ ಯಾನೋಶ್ ಸಾಬೋ ಎಂಬ ಹಂಗೇರಿಯ ಗಡಿಯಾರ ರಿಪೇರಿಯವನು, ಹಡಗಿನಿಂದ ಇಳಿದು ನಗುನಗುತ್ತ ನ್ಯೂಯಾರ್ಕಿಗೆ ಬರುತ್ತಾನೆ. ಮೊದಲ ರಾತ್ರಿಯೇ ಹೋಟೆಲ್ಲಿಗೆ ಬೆಂಕಿ ಬಿದ್ದು ಮುಖ ಸುಟ್ಟುಹೋಗುತ್ತದೆ. ಕೈಯಲ್ಲಿ ಕಸುಬಿದೆ, ಮುಖ ನೋಡಿ ಯಾರೂ ಕೆಲಸ ಕೊಡುವುದಿಲ್ಲ. ಅದೇ ನಾಜೂಕು ಬೆರಳುಗಳು ತಿಜೋರಿ ಒಡೆಯಲು ಒದಗುತ್ತವೆ.

ಮೊದಲ ಹತ್ತು ನಿಮಿಷ ಅವನು ಎಷ್ಟು ಜೋರಾಗಿ, ಎಷ್ಟು ಚುರುಕಾಗಿ ಮಾತಾಡುತ್ತಾನೆ ಗಮನಿಸಿ, ತೋಳು ಬೀಸಿಕೊಂಡು, ಸಿಕ್ಕವರ ಕೈ ಹಿಡಿದುಕೊಂಡು. ಬೆಂಕಿಯ ನಂತರ ಅದೆಲ್ಲ ನಿಂತುಹೋಗುತ್ತದೆ. ಆ ಮುಖವಾಡಕ್ಕೆ ರಬ್ಬರಿನ ಅಚ್ಚು ಹಾಕಿಲ್ಲ. ಬಿಳಿ ಪೌಡರು, ಕೆನ್ನೆಯ ಎರಡೂ ಬದಿಗೆ ಎಳೆದು ಅಂಟಿಸಿದ ಪಟ್ಟಿ, ಉಳಿದದ್ದು ಸ್ನಾಯು ಅಲುಗಿಸದೆ ಹಿಡಿಯುವ ನಟನ ಸಾಮರ್ಥ್ಯ. ಆಮೇಲಿನ ಅಭಿನಯವೆಲ್ಲ ಕಣ್ಣು ಮತ್ತು ದನಿ ಎರಡರಲ್ಲೇ. ಮುಖ ಹಿಂಡುವ ನಟ ಅಂತ ಇವನನ್ನು ಗೇಲಿ ಮಾಡುವವರು ಮುಖವನ್ನೇ ಕಟ್ಟಿಹಾಕಿದ ಈ ಚಿತ್ರ ನೋಡಬೇಕು. ನನ್ನ ಪಟ್ಟಿಯಲ್ಲಿ ‘ಎಂ’ ನಂತರ ಇದೇ.

ರೀಲುಡಬ್ಬ

ಚರ್ಚೆ ಇಷ್ಟು ಬೆಳೆದರೂ ‘ದಿ ಮಾಲ್ಟೀಸ್ ಫಾಲ್ಕನ್’ ಬಂದಿಲ್ಲವಲ್ಲ!

1941, ವಾರ್ನರ್, ಜಾನ್ ಹ್ಯೂಸ್ಟನ್‌ನ ಮೊದಲ ನಿರ್ದೇಶನ. ಲೋರೆಯ ಜೋಯಲ್ ಕೈರೋ ಪತ್ತೇದಾರ ಬೋಗಾರ್ಟ್‌ನ ಆಫೀಸಿಗೆ ಬರುವ ದೃಶ್ಯವನ್ನು ಅಭಿನಯ ಕಲಿಯುವವರು ಬಿಡಿಸಿ ನೋಡಬೇಕು. ಮೊದಲು ಬರುವುದು ಅವನ ಕಾರ್ಡು, ಅದಕ್ಕೆ ಗಾರ್ಡೀನಿಯಾ ಹೂವಿನ ವಾಸನೆ. ಕೈರೋ ಸಲಿಂಗಕಾಮಿ ಎಂದು ಬಾಯಿಬಿಟ್ಟು ಹೇಳಲು ಆಗಿನ ಸೆನ್ಸಾರ್ ಸಂಹಿತೆ ಬಿಡುತ್ತಿರಲಿಲ್ಲ. ಹಾಗಾಗಿ ವಾಸನೆ, ಗುಂಗುರು ಕೂದಲು, ಕೈಗವಸು, ಮಾತಿನ ನಡುವೆ ತುಟಿಯ ಹತ್ತಿರ ಸುಳಿದಾಡುವ ಬೆತ್ತದ ಹಿಡಿ, ಇವೇ ಸೂಚನೆಗಳು. ಎಲ್ಲರೂ ಹುಡುಕುತ್ತಿರುವ ಕಪ್ಪು ಹಕ್ಕಿಯ ಮೂರ್ತಿಗೆ 5,000 ಡಾಲರ್ ಕೊಡುತ್ತೇನೆ ಅನ್ನುತ್ತಾನೆ, ಮರುಕ್ಷಣ ಪುಟ್ಟ ಪಿಸ್ತೂಲು ತೆಗೆದು ಜಡ್ತಿಗೆ ನಿಲ್ಲುತ್ತಾನೆ. ಬೋಗಾರ್ಟ್ ಅವನನ್ನು ಹೊಡೆದು ಮಲಗಿಸಿ ಜೇಬಿನಿಂದ ಒಂದೊಂದಾಗಿ ತೆಗೆಯುತ್ತಾನೆ: ಬೇರೆಬೇರೆ ಪಾಸ್‌ಪೋರ್ಟು, ಟಿಕೆಟ್ಟು, ಸೆಂಟು ಹಾಕಿದ ಕರವಸ್ತ್ರ. ಎಚ್ಚರವಾದ ಮೇಲೆ ಕೈರೋಗೆ ನೋವಿಗಿಂತ ಅಂಗಿ ಹಾಳಾದದ್ದರ ಚಿಂತೆ. ಕೊನೆಗೆ ಪಿಸ್ತೂಲು ವಾಪಸ್ ಪಡೆದು ಅದೇ ಪಿಸ್ತೂಲು ತೋರಿಸಿ ಮತ್ತೆ ಆಫೀಸು ಹುಡುಕುತ್ತೇನೆ ಅನ್ನುತ್ತಾನೆ, ಅದೇ ಮರ್ಯಾದೆಯ ದನಿಯಲ್ಲಿ. ಬೋಗಾರ್ಟ್ ನಕ್ಕುಬಿಡುತ್ತಾನೆ. ಲೋರೆ ನಗುವುದಿಲ್ಲ, ಅವನು ನಕ್ಕಿದ್ದರೆ ದೃಶ್ಯ ಅಲ್ಲಿಗೇ ಸತ್ತಿರುತ್ತಿತ್ತು.

ಇಷ್ಟೆಲ್ಲ ತಗ್ಗಿಸಿ ಇಟ್ಟಿದ್ದರ ಫಲ ಕೊನೆಯಲ್ಲಿ. ಹಕ್ಕಿ ಸೀಸದ್ದು ಎಂದು ಗೊತ್ತಾದಾಗ ದನಿ ಒಂದೇ ಸಲಕ್ಕೆ ಒಡೆದು, ದಪ್ಪ ಗಟ್‌ಮನ್‌ನನ್ನು ಬಾಯಿಗೆ ಬಂದ ಹಾಗೆ ಬೈದು, ಕುರ್ಚಿಯಲ್ಲಿ ಕುಸಿದು ಅಳುತ್ತಾನೆ. ಮೊದಲೇ ಕಿರುಚಾಡಿದ್ದರೆ ಇಲ್ಲಿ ಏರಲು ಮೆಟ್ಟಿಲು ಉಳಿಯುತ್ತಿರಲಿಲ್ಲ.

ಧಾರವಾಡ ಮ್ಯಾಟಿನಿ

ಆ ದಪ್ಪ ಮನಷ್ಯಾ ಸಿಡ್ನಿ ಗ್ರೀನ್‌ಸ್ಟ್ರೀಟ್, ಅಂವನೂ ವಲಸೆ ಬಂದಾಂವ, ಇಂಗ್ಲೆಂಡಿನ ಕೆಂಟ್ ಕಡೀಯಾಂವ. ಜೀವಮಾನ ಎಲ್ಲಾ ರಂಗಭೂಮಿ, ಸಿನಿಮಾದಾಗ ಮೊದಲ ಸಲ ಬಂದಾಗ ವಯಸ್ಸು 61! ವಾರ್ನರ್‌ನಾಗ ಇಬ್ಬರೂ ಕೂಡಿ ಒಂಬತ್ತು ಚಿತ್ರದಾಗ ಅದಾರ. ಎಲ್ಲಾದ್ರಾಗೂ ಜೋಡಿ ದೃಶ್ಯ ಇಲ್ಲ ಮತ್ತ, ‘ಕಾಸಾಬ್ಲಾಂಕಾ’ದಾಗ ಇಬ್ಬರೂ ಒಟ್ಟಿಗೆ ಕಾಣಂಗಿಲ್ಲ.

ಜೋಡಿ ನೋಡಬೇಕಂದ್ರ 1944ರ ‘ದಿ ಮಾಸ್ಕ್ ಆಫ್ ಡಿಮಿಟ್ರಿಯೋಸ್’ ನೋಡ್ರಿ. ಅದರಾಗ ಲೋರೆ ಖಳ ಅಲ್ಲ, ಮೆತ್ತನ ಮನಷ್ಯಾ, ಪತ್ತೇದಾರಿ ಕಾದಂಬರಿ ಬರಿಯಾಂವ. ಮೂಲ ಕಾದಂಬರಿಯಾಗ ಆ ಪಾತ್ರ ಇಂಗ್ಲಿಷಿನಾಂವ, ಲೋರೆ ಬಾಯಾಗ ಅದು ಕೂಡಂಗಿಲ್ಲ ಅಂತ ಡಚ್ ಮಾಡ್ಯಾರ. ನಿರ್ದೇಶಕ ಝಾನ್ ನೆಗುಲೆಸ್ಕೋ ರೊಮೇನಿಯಾದಾಂವ. ಒಂದ ಚಿತ್ರದಾಗ ಎಷ್ಟು ದೇಶ ಎಣಿಸ್ರಿ.

ಕಬಿನಿತೀರ

ದೇಶ ಬದಲಿಸುವ ಮಾತು ಬಂತಲ್ಲ, ಅಲ್ಲೇ ಒಂದು ಹೋಲಿಕೆ. ಲೋರೆ ಜಪಾನಿ, ಡಚ್, ರಷ್ಯನ್, ಫ್ರೆಂಚ್ ಎಲ್ಲವೂ ಆದ. ಅದೇ ಹೊತ್ತಿಗೆ ಅಲ್ಲಿಗೆ ಹೋದ ನಮ್ಮ ಸಾಬು? ಹೆಗ್ಗಡದೇವನಕೋಟೆಯ ಕಾರಾಪುರದಲ್ಲಿ 1924ರಲ್ಲಿ ಹುಟ್ಟಿದ ಮಾವುತನ ಮಗ. ಮೈಸೂರಿನ ಕಾಡಲ್ಲಿ ಚಿತ್ರೀಕರಿಸಿದ ‘ಎಲಿಫೆಂಟ್ ಬಾಯ್’ (1937) ಅವನನ್ನು ಹೊರಗೆ ಕರೆದೊಯ್ದಿತು. ನಿರ್ಮಾಪಕ ಅಲೆಕ್ಸಾಂಡರ್ ಕೊರ್ಡಾ, ಫ್ಲಾಹರ್ಟಿ ಜೊತೆ ನಿರ್ದೇಶಿಸಿದ ತಮ್ಮ ಝೋಲ್ಟನ್, ಇಬ್ಬರೂ ಲೋರೆಯಂತೆಯೇ ಹಂಗೇರಿಯ ಯಹೂದಿಗಳು. ‘ದಿ ಥೀಫ್ ಆಫ್ ಬಾಗ್ದಾದ್’ (1940) ಚಿತ್ರದಲ್ಲಿ ಸಾಬುಗೆ ಎದುರಾಳಿ ಜಾಫರ್ ಆಗಿದ್ದ ಕಾನ್ರಾಡ್ ವೈಟ್‌ನೇ ‘ಕಾಸಾಬ್ಲಾಂಕಾ’ದ ಮೇಜರ್ ಸ್ಟ್ರಾಸರ್. ಯಹೂದಿ ಹೆಂಡತಿಯ ಜೊತೆ ಜರ್ಮನಿ ಬಿಟ್ಟು ಬಂದವನಿಗೆ ನಾಜಿ ಅಧಿಕಾರಿಯ ವೇಷ.

ಸಾಬು 1944ರಲ್ಲಿ ಅಮೆರಿಕದ ಪೌರನಾದ, ಯುದ್ಧದಲ್ಲಿ ಬಿ-24 ಬಾಂಬರ್ ವಿಮಾನದ ಹಿಂಬದಿ ಬಂದೂಕುಗಾರನಾಗಿ ಪದಕ ಪಡೆದ. ಮರಳಿದ ಮೇಲೂ ಸಿಕ್ಕಿದ್ದು ಬಹುಪಾಲು ಅದೇ ಕಾಡು, ಅದೇ ಹುಲಿ, ಅದೇ ಮುಂಡಾಸು. 1963ರ ಡಿಸೆಂಬರ್ 2ರಂದು 39ನೇ ವಯಸ್ಸಿಗೇ ಹೋದ. ಲೋರೆಗೂ ಪಾತ್ರದ ಗೋಡೆ ಇತ್ತು, ಆದರೆ ಬಿಳಿ ಚರ್ಮದವನಿಗೆ ಗೋಡೆಯಲ್ಲಿ ಬಾಗಿಲುಗಳೂ ಇದ್ದವು. ಕುಡ್ಲ ಟಾಕೀಸ್ ಅವರು ಮೋಟೋ ಬಗ್ಗೆ ಹೇಳಿದ್ದನ್ನು ಇದರ ಜೊತೆ ಇಟ್ಟು ಓದಿ.

ಕುಡ್ಲ ಟಾಕೀಸ್

ಅದೇ ನಾನು ಹೇಳಿದ್ದು. ಆದರೆ ‘ಕಾಸಾಬ್ಲಾಂಕಾ’ ವಿಷಯದಲ್ಲಿ ನನ್ನ ತಕರಾರು ಎಂತದೂ ಇಲ್ಲ. ಟೈಟಲ್‌ನಲ್ಲಿ ಹೆಸರಿರುವ ನಟರಲ್ಲಿ ಅಮೆರಿಕದಲ್ಲೇ ಹುಟ್ಟಿದವರು ಮೂವರೇ: ಬೋಗಾರ್ಟ್, ಡೂಲಿ ವಿಲ್ಸನ್, ಜಾಯ್ ಪೇಜ್. ಮಾಣಿ ಕಾರ್ಲ್ ಆಗಿ ಬುಡಾಪೆಸ್ಟಿನ ಎಸ್. ಝಡ್. ಸಕಾಲ್, ಜೇಬುಗಳ್ಳ ಬರ್ಲಿನ್ನಿನ ಕರ್ಟ್ ಬೋಯಿಸ್, ಜೂಜಿನ ಮೇಜಿನವ ಪ್ಯಾರಿಸ್ಸಿನಲ್ಲಿ ನಾಯಕನಾಗಿದ್ದ ಮಾರ್ಸೆಲ್ ದಾಲಿಯೋ. ನಿರ್ದೇಶಕ ಕರ್ಟಿಜ್ ಕೂಡ ಹಂಗೇರಿಯವನೇ. ಅಮೆರಿಕಕ್ಕೆ ಹೊರಟ ಮುದಿ ದಂಪತಿ ಹರಕುಮುರುಕು ಇಂಗ್ಲಿಷಿನಲ್ಲಿ ಗಂಟೆ ಎಷ್ಟು ಅಂತ ಕೇಳಿಕೊಳ್ಳುವ ದೃಶ್ಯ ಉಂಟಲ್ಲ, ಅದನ್ನು ಆಡಿದ ಲೂಡ್ವಿಗ್ ಸ್ಟೋಸೆಲ್, ಇಲ್ಕಾ ಗ್ರೂನಿಂಗ್ ಇಬ್ಬರೂ ನಾಜಿಗಳಿಂದ ತಪ್ಪಿಸಿಕೊಂಡು ಬಂದವರು. ನಗುವುದೋ ಬಿಡುವುದೋ.

ಲೋರೆಯ ಉಗಾರ್ಟೆ ಚಿತ್ರದ ಮೊದಲ ಭಾಗದಲ್ಲೇ ಮುಗಿದುಹೋಗ್ತಾನೆ. ಆದರೆ ಕಥೆ ಪೂರ್ತಿ ಓಡುವುದು ಅವನು ಕೊಟ್ಟುಹೋದ ಎರಡು ಪ್ರಯಾಣಪತ್ರದ ಮೇಲೆ. ಪೊಲೀಸ್ ಅಧಿಕಾರಿ ರೆನೋ ತೆಗೆದುಕೊಳ್ಳುವ ದರದ ಅರ್ಧಕ್ಕೆ ನಾನು ವೀಸಾ ಕೊಡಿಸ್ತೇನೆ ಅಂತ ಜಂಬ ಬೇರೆ. ಒಂಟಿಯಾಗಿ ಚದುರಂಗ ಆಡ್ತಾ ಕೂತ ರಿಕ್‌ನ (ಬೋಗಾರ್ಟ್) ಹತ್ತಿರ ಅವನು ಹೇಗೆ ವಾಲಿ ಕೂರ್ತಾನೆ ನೋಡಿ, ಶಹಬ್ಬಾಸ್ ಅನ್ನಿಸಿಕೊಳ್ಳಲಿಕ್ಕೆ ಬಂದ ಹುಡುಗನ ಹಾಗೆ.

ಹಳೆಪ್ರಿಂಟ್

ಆ ಪ್ರಯಾಣಪತ್ರಗಳ ಬಗ್ಗೆಯೇ ತೀರದ ಜಗಳವೊಂದಿದೆ. ಅದಕ್ಕೆ ಯಾರ ಸಹಿ ಎಂದು ಉಗಾರ್ಟೆ ಹೇಳುತ್ತಾನೆ? ಇಂಗ್ಲಿಷ್ ಅಡಿಬರಹ ಜನರಲ್ ಡಿ ಗಾಲ್ ಅನ್ನುತ್ತದೆ, ಫ್ರೆಂಚ್ ಅಡಿಬರಹ ವೇಗಾಂಡ್ ಅನ್ನುತ್ತದೆ. ಲೋರೆಯ ಉಚ್ಚಾರದಲ್ಲಿ ಎರಡೂ ಕೇಳಿಸಬಹುದು. ಕಥೆ ನಡೆಯುವುದು 1941ರ ಡಿಸೆಂಬರ್‌ನಲ್ಲಿ, ನಾಜಿಗಳ ಜೊತೆ ಕೈಜೋಡಿಸಿದ ಫ್ರಾನ್ಸಿನ ವಿಶಿ ಸರ್ಕಾರದ ಕೈಯಲ್ಲಿದ್ದ ಮೊರಾಕೊದಲ್ಲಿ. ಡಿ ಗಾಲ್ ಆ ಸರ್ಕಾರದ ಪಾಲಿಗೆ ರಾಜದ್ರೋಹಿ, ಅವನ ಸಹಿಯಿದ್ದ ಕಾಗದ ತೋರಿಸಿದವನು ನೇರ ಜೈಲಿಗೆ. ವೇಗಾಂಡ್ ಅದೇ ನವೆಂಬರ್‌ವರೆಗೆ ಉತ್ತರ ಆಫ್ರಿಕಾದಲ್ಲಿ ವಿಶಿಯ ಪ್ರತಿನಿಧಿಯಾಗಿದ್ದವನು. ಹಾಗಾಗಿ ತರ್ಕಕ್ಕೆ ಕೂಡುವುದು ವೇಗಾಂಡ್. ಯಾರ ಸಹಿಯಾದರೂ ಪ್ರಶ್ನಿಸುವಂತಿಲ್ಲದ ಪತ್ರ ಅನ್ನುವುದೇ ಚಿತ್ರಕ್ಕಾಗಿ ಕಟ್ಟಿದ್ದು ಬಿಡಿ.

ರೀಲುಡಬ್ಬ

1946ರ ನಂತರದ ಕಥೆ? ವಾರ್ನರ್ ಬಿಟ್ಟ ಮೇಲೆ ದಿವಾಳಿ ಅಂತ ಕೇಳಿದ್ದೇನೆ.

ನೆರಳುಬೆಳಕು

ಹೌದು. ‘ದಿ ಬೀಸ್ಟ್ ವಿತ್ ಫೈವ್ ಫಿಂಗರ್ಸ್’ ವಾರ್ನರ್‌ನ ಒಪ್ಪಂದದಲ್ಲಿ ಕೊನೆಯದು, 1949ರಲ್ಲಿ ದಿವಾಳಿ. ಇದರ ಹಿಂದೆ ಇಪ್ಪತ್ತರ ದಶಕದ ಹೊಟ್ಟೆಯ ಶಸ್ತ್ರಚಿಕಿತ್ಸೆಯಿಂದ ಅಂಟಿದ ಮಾರ್ಫೀನ್ ಚಟವೂ ಇತ್ತು, ಬಿಡುವುದು ಹಿಡಿಯುವುದು ನಡೆದೇ ಇತ್ತು. ಜರ್ಮನಿಗೆ ಮರಳಿ 1951ರಲ್ಲಿ ‘ಡೆರ್ ಫೆರ್ಲೋರೆನೆ’ ತೆಗೆದ, ಅವನು ನಿರ್ದೇಶಿಸಿದ ಒಂದೇ ಚಿತ್ರ. ನಾಜಿ ಕಾಲದಲ್ಲಿ ಕೊಲೆ ಮಾಡಿ, ಸರ್ಕಾರವೇ ಮುಚ್ಚಿಹಾಕಿದ್ದರಿಂದ ಶಿಕ್ಷೆಯೇ ಸಿಗದ ವೈದ್ಯ ಡಾ. ರೋಟೆಯ ಪಾತ್ರವೂ ಅವನದೇ. ಯುದ್ಧ ಮುಗಿದು ಆರು ವರ್ಷವಾದ ಜರ್ಮನಿಯಲ್ಲಿ ಅದನ್ನು ನೋಡಲು ಯಾರಿಗೂ ಮನಸ್ಸಿರಲಿಲ್ಲ. ಚಿತ್ರ ಮಲಗಿತು, ಅವನು ಅಮೆರಿಕಕ್ಕೆ ವಾಪಸ್. ಅಡಿಬರಹ ಇರುವ ಪ್ರತಿಯನ್ನೇ ಹುಡುಕಿ, ಜರ್ಮನ್ ಬಾರದಿದ್ದರೆ ಫ್ಲ್ಯಾಶ್‌ಬ್ಯಾಕ್ ಎಲ್ಲಿ ಶುರು ಎಲ್ಲಿ ಮುಗಿಯಿತು ಎಂದು ಗೊತ್ತಾಗುವುದಿಲ್ಲ.

ನನಗೆ ಕೇಳಿದರೆ ಆಮೇಲಿನದರಲ್ಲಿ ನೋಡಲೇಬೇಕಾದದ್ದು ಹಾಸ್ಯ. ‘ಆರ್ಸೆನಿಕ್ ಅಂಡ್ ಓಲ್ಡ್ ಲೇಸ್’ನಲ್ಲೇ ಅದರ ಬೀಜ ಇದೆ. 1941ರಲ್ಲೇ ತೆಗೆದಿದ್ದರೂ ಬ್ರಾಡ್‌ವೇ ನಾಟಕ ಮುಗಿಯುವವರೆಗೆ ಬಿಡುಗಡೆ ಮಾಡಬಾರದೆಂಬ ಕರಾರಿದ್ದದ್ದಕ್ಕೆ 1944ರಲ್ಲಿ ಹೊರಬಂತು. ಕ್ಯಾರಿ ಗ್ರಾಂಟ್ ಬೊಬ್ಬೆ ಹೊಡೆದಷ್ಟೂ ಲೋರೆಯ ಡಾ. ಐನ್‌ಸ್ಟೈನ್ ಪಿಸುಗುಡುತ್ತಾನೆ. 1962ರ ‘ಟೇಲ್ಸ್ ಆಫ್ ಟೆರರ್’ನ ವೈನ್ ರುಚಿ ನೋಡುವ ಪಂದ್ಯದಲ್ಲಿ ವಿನ್ಸೆಂಟ್ ಪ್ರೈಸ್ ಬಾಯಿ ಮುಕ್ಕಳಿಸಿ, ಗಾಳಿ ಎಳೆದು, ಶಾಸ್ತ್ರೋಕ್ತವಾಗಿ ಸವಿಯುತ್ತಾನೆ, ಲೋರೆ ಬಟ್ಟಲು ಬಟ್ಟಲೇ ಗಟಗಟ ಕುಡಿದು ಅಷ್ಟೇ ಕರಾರುವಾಕ್ಕಾಗಿ ಹೆಸರು ಹೇಳುತ್ತಾನೆ. 1963ರ ‘ದಿ ರೇವನ್’ನಲ್ಲಿ ಬರೆದ ಸಂಭಾಷಣೆ ಬಿಟ್ಟು ತೋಚಿದ್ದು ಹೇಳುತ್ತಿದ್ದ. ಅಕ್ಷರ ಬಿಡದೆ ಕಲಿತು ಬರುವ ಬೋರಿಸ್ ಕಾರ್ಲಾಫ್‌ಗೆ ತನ್ನ ಸರದಿ ಯಾವಾಗ ಎಂದು ತಿಳಿಯದೆ ತಬ್ಬಿಬ್ಬು. ಅದರಲ್ಲಿ ಲೋರೆಯ ಮಗನ ಪಾತ್ರ ಎಳೆ ವಯಸ್ಸಿನ ಜ್ಯಾಕ್ ನಿಕಲ್ಸನ್‌ದು.

ಧಾರವಾಡ ಮ್ಯಾಟಿನಿ

ಬಾಂಡ್ ಬಿಟ್ಟ್ರಲ್ಲಾ! 1954ರ ಅಕ್ಟೋಬರ್ 21ಕ್ಕ ಸಿಬಿಎಸ್ ಟಿವಿಯಾಗ ‘ಕ್ಲೈಮ್ಯಾಕ್ಸ್!’ ಅನ್ನೋ ಸರಣಿಯ ಒಂದು ಕಂತಾಗಿ ‘ಕ್ಯಾಸಿನೋ ರಾಯಲ್’ ನೇರಪ್ರಸಾರ ಆತು. ತೆರಿ ಮ್ಯಾಲ ಬಂದ ಮೊದಲನೇ ಬಾಂಡ್ ಖಳ ಲಶೀಫ್ರ್, ಅಂದ್ರ ನಮ್ಮ ಲೋರೆ. ಬಾಂಡ್ ಅಮೆರಿಕದಾಂವ, ಹೆಸರು ಜಿಮ್ಮಿ! ಸತ್ತು ಬಿದ್ದ ಲೋರೆ ಕ್ಯಾಮೆರಾ ಇನ್ನೂ ಓಡ್ತಿರಬೇಕಾದ್ರ ಎದ್ದು ನಡದ ಅಂತ ಒಂದು ಕಥಿ ಐತೆಲ್ಲ, ಅದನ್ನ ನಂಬಬ್ಯಾಡ್ರಿ. ಹೆಣ ಎದ್ದು ಹೋಗಿದ್ದು ಅದ ಸರಣಿಯ ಬ್ಯಾರೆ ಕಂತಿನಾಗ, ಬ್ಯಾರೆ ನಟ.

ಹಳೆಪ್ರಿಂಟ್

ನೇರಪ್ರಸಾರವನ್ನು ಟಿವಿ ಪರದೆಯಿಂದ ಫಿಲ್ಮಿಗೆ ಇಳಿಸಿಕೊಂಡ ಪ್ರತಿ ಅದು, ಆದ್ದರಿಂದ ಎಷ್ಟು ದುಬಾರಿ ಡಿಸ್ಕ್ ತಂದರೂ ಮಸುಕು ಇದ್ದದ್ದೇ. ಕೆಲವು ಪ್ರತಿಗಳಲ್ಲಿ ಕೊನೆಯ ಒಂದೆರಡು ನಿಮಿಷ ಹಾರಿಹೋಗಿದೆ, ಖಳ ಸಾಯುವ ಮೊದಲೇ ಹೆಸರುಗಳು ಬಂದರೆ ಬೇರೆ ಪ್ರತಿ ಹುಡುಕಿ.

ರೀಲುಡಬ್ಬ ಅವರು ಕೇಳಿದ ಕ್ರಮಕ್ಕೆ ಬಂದರೆ: ಹೊಸಬರಿಗೆ ಮೊದಲು ‘ಮಾಲ್ಟೀಸ್ ಫಾಲ್ಕನ್’, ಆಮೇಲೆ ‘ಎಂ’, ಆಮೇಲೆ ‘ಫೇಸ್ ಬಿಹೈಂಡ್ ದಿ ಮಾಸ್ಕ್’, ನಾಲ್ಕನೆಯದಾಗಿ ‘ಡಿಮಿಟ್ರಿಯೋಸ್’. ‘ಎಂ’ನಿಂದಲೇ ಶುರು ಮಾಡಿದವರು ಉಳಿದ ಎಲ್ಲದರಲ್ಲೂ ಕೊಲೆಗಾರನನ್ನೇ ಹುಡುಕುತ್ತಾ ಕೂರುತ್ತಾರೆ.

ನೆರಳುಬೆಳಕು

ಐದನೆಯದಾಗಿ ‘ಸಿಲ್ಕ್ ಸ್ಟಾಕಿಂಗ್ಸ್’ (1957) ಸೇರಿಸಿ. ಮೂವರು ರಷ್ಯನ್ ಅಧಿಕಾರಿಗಳಲ್ಲಿ ಲೋರೆ ಒಬ್ಬ. ಕುಣಿಯಲು ಬಾರದವನು ಮೇಜು ಕುರ್ಚಿಗಳ ನಡುವೆ ಎರಡು ಕೈ ಊರಿ ತೂಗಿಕೊಂಡು, ಮಂಡಿ ಬಗ್ಗಿಸಿ ರಷ್ಯನ್ ಶೈಲಿಯಲ್ಲಿ ಕಾಲು ಝಾಡಿಸುತ್ತಾನೆ, ಮುಖದಲ್ಲಿ ಗುಮಾಸ್ತನ ಗಾಂಭೀರ್ಯ. ಚಿತ್ರ ಸಿನಿಮಾಸ್ಕೋಪ್. ಹಳೆಯ ಟಿವಿಗೆ ಕತ್ತರಿಸಿದ 4:3 ಪ್ರತಿ ಹಾಕಿದರೆ ಮೂವರಲ್ಲಿ ಒಬ್ಬರು ಚೌಕಟ್ಟಿನಿಂದ ಆಚೆ ಹೋಗುತ್ತಾರೆ, ಪೂರ್ತಿ ಅಗಲ ಇರುವುದನ್ನೇ ಹಾಕಿ.